ಲವಂಗ ಒಂದೇ, ಪಾತ್ರೆ ಎರಡು

ನಮ್ಮ ಗುಡಗೇರಿಯ ಕಡೆ ಎರಿ ಹೊಲದ ಕಡಲೆಯ ಮೇಲೆ ಇಬ್ಬನಿ ಕೂಡುವ ಹೊತ್ತಿಗೆ, ಮನೆಮನೆಯಲ್ಲೂ ಕಷಾಯದ ಪುಡಿಯ ಡಬ್ಬಿ ಕೆಳಗಿಳಿಯುತ್ತದೆ. ಹವೀಜ, ಜೀರಿಗೆ, ಮೆಂತ್ಯ, ಕರಿಮೆಣಸು, ಒಣಶುಂಠಿ, ಒಂದೆರಡು ಲವಂಗ, ಏಲಕ್ಕಿ. ಇವನ್ನು ಹುರಿದು ಕುಟ್ಟಿ, ಬೆಲ್ಲದ ನೀರಿನಲ್ಲಿ ಕುದಿಸಿ, ಮೇಲಿಷ್ಟು ಹಾಲು ಹಾಕಿದರೆ ಆಯಿತು. ಬಂದವರು ಯಾರೇ ಇರಲಿ, ಒಂದು ಲೋಟ ಕೊಡುವುದು ಸರಿಯೋ ತಪ್ಪೋ ಎಂದು ನಾವು ಎಂದೂ ಯೋಚಿಸಿದವರಲ್ಲ.

ಬೆಂಗಳೂರಿನಲ್ಲಿರುವ ತಂಗಿಯ ಮಗಳು ಹೋದ ಡಿಸೆಂಬರಿನಲ್ಲಿ ಫೋನು ಮಾಡಿದಳು. “ದೊಡ್ಡವ್ವಾ, ವೈನ್ ಬಿಸಿ ಮಾಡಿ, ಮಸಾಲಿ ಹಾಕಿ ಗೆಳತ್ಯಾರಿಗೆ ಕೊಡಬೇಕಂತ ಮಾಡೇನಿ. ಲವಂಗ ಎಷ್ಟು ಹಾಕಲಿ?” ಎಂದಳು. “ನಾಕ ಸಾಕವ್ವಾ, ಹೆಚ್ಚಾದರ ಬಾಯಿ ಜೋಮು ಹಿಡಿತೈತಿ” ಎಂದೆ.

ಯುರೋಪಿನ ಚಳಿದೇಶಗಳಲ್ಲಿ ಇದು ಬಹಳ ಹಳೆಯ ಪದ್ಧತಿ. ಜರ್ಮನಿಯಲ್ಲಿ ಇದಕ್ಕೆ ಗ್ಲೂವೈನ್ ಎನ್ನುತ್ತಾರೆ; ಕ್ರಿಸ್‌ಮಸ್ ಸಂತೆಗಳಲ್ಲಿ ಮಾರುತ್ತಾರೆ. ಕೆಂಪು ವೈನಿಗೆ ದಾಲ್ಚಿನ್ನಿ, ಲವಂಗ, ಕಿತ್ತಳೆ ಸಿಪ್ಪೆ, ಸಕ್ಕರೆ ಹಾಕಿ ಸಣ್ಣ ಉರಿಯಲ್ಲಿ ಕಾಯಿಸುತ್ತಾರೆ, ಕುದಿಸುವುದಿಲ್ಲ. ಮದ್ಯಸಾರ 78 ಡಿಗ್ರಿಗೇ ಕುದಿಯುವುದರಿಂದ ಉರಿ ಜೋರಾದರೆ ಹಾರಿಹೋಗುತ್ತದೆ. ನಮ್ಮ ಕಷಾಯ ಕುದಿಯದಿದ್ದರೆ ಕೆಟ್ಟಿತು, ಅವರ ಪಾನೀಯ ಕುದಿದರೆ ಕೆಟ್ಟಿತು!

ಇದನ್ನು ಕೇಳಿದ ನಮ್ಮ ಓಣಿಯ ಹಿರಿಯರೊಬ್ಬರು, “ಬಾಯಾರ, ಸಾಲ್ಯಾಗ ಕುಡಿಬ್ಯಾಡ್ರಿ ಅಂತೀರಿ, ಮನ್ಯಾಗ ಲವಂಗದ ಲೆಕ್ಕಾ ಹೇಳತೀರಿ” ಎಂದರು. ಮಾತು ನಗೆಯದೇ, ಆದರೆ ಪ್ರಶ್ನೆ ನಗೆಯದಲ್ಲ.

ಸಂತೆಯ ಮರುದಿನ ನೋಟುಬುಕ್ಕಿಲ್ಲದೆ ಬಂದು, ಕೇಳಿದರೆ ನೆಲ ನೋಡುವ ಹುಡುಗರನ್ನು ನಾನು ವರ್ಷಗಟ್ಟಲೆ ಕಂಡಿದ್ದೇನೆ. ಅಪ್ಪನ ಕೂಲಿ ಎಲ್ಲಿ ಹೋಯಿತೆಂದು ಅವರು ಹೇಳುವುದಿಲ್ಲ, ನಾವು ಕೇಳುವುದೂ ಇಲ್ಲ. ನಮ್ಮ ರಾಜ್ಯದಲ್ಲಿ 2007ರ ಜುಲೈ 1ರಿಂದ ಸಾರಾಯಿ ನಿಂತಿತು. ಅದೇ ವರ್ಷ ಸರಕಾರ ವೈನ್ ನೀತಿಯನ್ನೂ ತಂದಿತು. ದ್ರಾಕ್ಷಿ ಬೆಳೆಯುವ ರೈತರಿಗೆ ಅದರಿಂದ ಅನುಕೂಲವಿದ್ದೀತು, ಇಲ್ಲವೆನ್ನುವುದಿಲ್ಲ. ಆದರೆ ಬಡವನ ಪಾಕೀಟು ಚಟವಾಗಿ, ಉಳ್ಳವರ ಗಾಜಿನ ಲೋಟ ಸಂಸ್ಕೃತಿಯಾಗಿ ಹೋದದ್ದು ಯಾವ ನ್ಯಾಯದಿಂದ?

ಚಳಿಗೆ ಬೇಕು ಎನ್ನುವ ನೆಪವೂ ನಿಲ್ಲುವುದಿಲ್ಲ. ಮದ್ಯ ಕುಡಿದಾಗ ಚರ್ಮದ ರಕ್ತನಾಳಗಳು ಹಿಗ್ಗಿ ಬೆಚ್ಚಗೆನಿಸುತ್ತದೆ, ಒಳಗಿನ ಶಾಖ ಮಾತ್ರ ಹೊರಗೆ ಹೋಗುತ್ತಿರುತ್ತದೆ. ಹಾಗಾದರೆ ಉಳಿಯುವುದು ಸಂತೋಷ ಒಂದೇ. ಸಂತೋಷವೇ ತಪ್ಪೆನ್ನಲು ನನಗೆ ಮನಸ್ಸಿಲ್ಲ. ಹಾಗೆಂದರೆ ಹೋಳಿಗೆಯೂ ತಪ್ಪಾದೀತು.

ಎಷ್ಟು ಕುಡಿದರು ಎನ್ನುವುದಕ್ಕಿಂತ, ಯಾರ ಪಾಲಿನಿಂದ ಕುಡಿದರು ಎಂದು ಕೇಳಬೇಕೆಂದು ನನಗೆ ತೋರುತ್ತದೆ. ಮಗುವಿನ ನೋಟುಬುಕ್ಕಿನಿಂದಲೋ, ಹೆಂಡತಿಯ ನಿದ್ದೆಯಿಂದಲೋ? ಈ ಎರಡನೆಯದಕ್ಕೆ ಬಡತನ-ಸಿರಿತನದ ಭೇದವಿಲ್ಲ. ಬಂಗಲೆಯಲ್ಲೂ ಗಂಡನ ಕಾಲಸಪ್ಪಳಕ್ಕೆ ಕಿವಿಗೊಟ್ಟು ಎಚ್ಚರವಿರುವ ಹೆಂಗಸರಿದ್ದಾರೆ. ಅವರ ಗೋಡೆ ದಪ್ಪವಾದ್ದರಿಂದ ನಮಗೆ ಕೇಳಿಸುವುದಿಲ್ಲ, ಅಷ್ಟೆ.

ಇನ್ನೊಂದು ಮಾತು. ಒಲ್ಲೆನೆಂದವರು ಕಾರಣ ಹೇಳದೆ ಕೂಡುವಂತಿರಬೇಕು. ಒತ್ತಾಯದ ಉಪಚಾರ ಕಷಾಯದಲ್ಲಿ ನಾಲಿಗೆ ಸುಟ್ಟೀತು, ವೈನಿನಲ್ಲಿ ಒಬ್ಬರ ಬದುಕನ್ನೇ ಸುಟ್ಟೀತು. ಬಿಡಬೇಕೆಂದು ಹೆಣಗುವವರು ಮನೆಗೆ ಬಂದಾಗ ಅದನ್ನು ಹಣೆಯ ಮೇಲೆ ಬರೆದುಕೊಂಡು ಬರುವುದಿಲ್ಲ.

ಆದ್ದರಿಂದ ಹುಡುಗಿಗೆ ಮತ್ತೆ ಫೋನು ಹಚ್ಚಿ, “ಇನ್ನೊಂದು ಪಾತ್ರಿ ಇಡು, ಅದರಾಗ ಕಷಾಯ ಮಾಡು. ಎರಡೂ ಒಂದೇ ತರಹದ ಲೋಟದಾಗ ಕೊಡು. ಯಾರು ಏನು ಕುಡದರು ಅಂತ ಯಾರಿಗೂ ತಿಳೀಬಾರದು” ಎಂದೆ. ಅವಳು “ಆತು ದೊಡ್ಡವ್ವಾ” ಎಂದಳು. ಆಮೇಲೆ ಸ್ವಲ್ಪ ತಡೆದು, ಬರುವವರಲ್ಲಿ ಅಂಥವಳೊಬ್ಬಳು ಇದ್ದಾಳೆಂದಳು.