ದರ ಕೇಳುತ್ತೇವೆ, ಅವಧಿ ಕೇಳುವುದಿಲ್ಲ

ಗೃಹಪ್ರವೇಶದ ಊಟಕ್ಕೆ ಹೋದವರು ಮನೆ ಸುತ್ತಿ ನೋಡುತ್ತಾ ಎರಡು ಪ್ರಶ್ನೆ ಕೇಳಿಯೇ ಕೇಳುತ್ತಾರೆ. ಚದರಡಿಗೆ ಎಷ್ಟು ಬಿತ್ತು? ಲೋನಿಗೆ ಬಡ್ಡಿ ಎಷ್ಟು? ಯಜಮಾನರೂ ಸ್ವಲ್ಪ ಹೆಮ್ಮೆಯಿಂದಲೇ ಉತ್ತರಿಸುತ್ತಾರೆ: ‘ಎಂಟೂವರೆ ಪರ್ಸೆಂಟು ಸಾರ್, ಇಎಂಐ ನಲವತ್ಮೂರು ಸಾವಿರ ಚಿಲ್ಲರೆ.’ ಕೊನೆಗೆ ಒಟ್ಟು ಎಷ್ಟು ಕಟ್ಟುತ್ತೀರಿ ಎಂದು ಮಾತ್ರ ಯಾರೂ ಕೇಳುವುದಿಲ್ಲ. ಕೇಳಿದರೆ ಹೋಳಿಗೆ ಗಂಟಲಲ್ಲೇ ನಿಂತೀತು ಎಂಬ ಸೌಜನ್ಯವೋ ಏನೋ.

ಲೆಕ್ಕ ಕಷ್ಟದ್ದೇನಲ್ಲ. 50 ಲಕ್ಷ ಸಾಲ, ಶೇ 8.5 ಬಡ್ಡಿ, 20 ವರ್ಷದ ಅವಧಿ. ತಿಂಗಳ ಕಂತು 43,391 ರೂಪಾಯಿ. 240 ಕಂತು ತೀರುವ ಹೊತ್ತಿಗೆ ಬ್ಯಾಂಕಿಗೆ ಹೋಗಿರುವ ಹಣ ಒಂದು ಕೋಟಿ ನಾಲ್ಕು ಲಕ್ಷ ಚಿಲ್ಲರೆ. ಅಸಲು 50 ಲಕ್ಷ, ಬಡ್ಡಿ 54 ಲಕ್ಷ. ಒಂದು ಮನೆ ನಮಗೆ, ಅದಕ್ಕಿಂತ ತುಸು ದೊಡ್ಡದೊಂದು ಬ್ಯಾಂಕಿಗೆ.

ನಮ್ಮ ಹಳ್ಳಿಗಳಲ್ಲಿ ಬಡ್ಡಿಯನ್ನು ವರ್ಷದ ಲೆಕ್ಕದಲ್ಲಿ ಹೇಳುವುದಿಲ್ಲ, ತಿಂಗಳ ಲೆಕ್ಕದಲ್ಲಿ ಹೇಳುತ್ತಾರೆ. ‘ನೂರಕ್ಕೆ ಎರಡು ರೂಪಾಯಿ’ ಎಂದರೆ ತಿಂಗಳಿಗೆ ನೂರಕ್ಕೆ ಎರಡು, ವರ್ಷಕ್ಕೆ ಇಪ್ಪತ್ನಾಲ್ಕು. ಆ ಲೆಕ್ಕದಲ್ಲಿ ಶೇ 8.5ರ ಗೃಹಸಾಲ ನೂರಕ್ಕೆ ಎಪ್ಪತ್ತು ಪೈಸೆಯಾಯಿತು. ಊರಿನ ಹಿರಿಯರು ಕೇಳಿದರೆ ‘ಇಷ್ಟು ಅಗ್ಗಕ್ಕೆ ಯಾರಪ್ಪ ಕೊಡ್ತಾರೆ, ಇನ್ನೂ ಹತ್ತು ಲಕ್ಷ ತಗೋ’ ಅಂದಾರು. ದರದ ಮಟ್ಟಿಗೆ ಅವರ ಮಾತು ಸರಿ. ಆದರೆ ಎರಡು ರೂಪಾಯಿ ಬಡ್ಡಿಯ ಕೈಸಾಲವನ್ನು ಎರಡು ವರ್ಷ ಇಟ್ಟುಕೊಂಡು ತೀರಿಸಿದವನು ನೂರಕ್ಕೆ ನಲವತ್ತೆಂಟು ರೂಪಾಯಿ ಬಡ್ಡಿ ಕಟ್ಟಿರುತ್ತಾನೆ. ಎಪ್ಪತ್ತು ಪೈಸೆಯ ಸಾಲವನ್ನು ತಿಂಗಳು ತಪ್ಪದೆ ಕಂತು ಕಟ್ಟಿಯೂ ಇಪ್ಪತ್ತು ವರ್ಷಕ್ಕೆ ತೀರಿಸಿದವನು ಅದೇ ನೂರಕ್ಕೆ ನೂರೆಂಟು ರೂಪಾಯಿ ಕಟ್ಟಿರುತ್ತಾನೆ. ದುಬಾರಿಯಾಗಿರುವುದು ದರವಲ್ಲ, ಕಾಲ. ಕಾಲು ಪರ್ಸೆಂಟಿಗಾಗಿ ನಾಲ್ಕು ಬ್ಯಾಂಕು ಅಲೆಯುವ ನಾವು ಅವಧಿಯ ಪ್ರಶ್ನೆ ಬಂದಾಗ ‘ಎಷ್ಟು ಉದ್ದ ಕೊಡ್ತೀರೋ ಅಷ್ಟು ಕೊಡಿ’ ಎಂದು ಸಹಿ ಹಾಕಿ ಬರುತ್ತೇವೆ.

ಮೊದಲ ತಿಂಗಳ ಕಂತನ್ನೇ ಬಿಡಿಸಿ ನೋಡಿ. ಕಟ್ಟಿದ 43,391ರಲ್ಲಿ 35,417 ರೂಪಾಯಿ ಬಡ್ಡಿಗೆ. ಅಸಲಿಗೆ ಜಮೆಯಾಗುವುದು 7,974. ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ಬಾಕಿ ಉಳಿದ ಅಸಲಿಗೆ ಆ ತಿಂಗಳ ಬಡ್ಡಿ ಹಾಕುತ್ತಾರೆ, ಆರಂಭದಲ್ಲಿ ಬಾಕಿ ದೊಡ್ಡದಿರುವುದರಿಂದ ಬಡ್ಡಿಯೂ ದೊಡ್ಡದು, ಅಷ್ಟೇ. ಆದರೆ ಇದರ ಪರಿಣಾಮ ನೋಡಿ: ಐದು ವರ್ಷ ಒಂದು ಕಂತೂ ತಪ್ಪಿಸದವರು 26 ಲಕ್ಷ ಕಟ್ಟಿರುತ್ತಾರೆ, ಸಾಲ ಇಳಿದಿರುವುದು ಆರು ಲಕ್ಷಕ್ಕೂ ಕಡಿಮೆ. ಹತ್ತು ವರ್ಷವಾದಾಗ, ಅಂದರೆ ಅರ್ಧ ಅವಧಿ ಕಳೆದಾಗ, 35 ಲಕ್ಷ ಬಾಕಿಯಿರುತ್ತದೆ. ಅಸಲು ಅರ್ಧಕ್ಕೆ ಇಳಿಯುವುದು ಹದಿನಾಲ್ಕನೇ ವರ್ಷದಲ್ಲಿ. ಕೆಲಸ ಬದಲಾಯಿಸಿಯೋ ಮಕ್ಕಳ ಓದಿಗೆಂದೋ ಆರೇಳು ವರ್ಷಕ್ಕೆ ಫ್ಲ್ಯಾಟ್ ಮಾರಲು ಹೊರಟವರು ಬ್ಯಾಂಕಿನಿಂದ ಬಾಕಿ ಪತ್ರ ತೆಗೆಸಿದ ದಿನ ಮಂಕಾಗುವುದು ಇದಕ್ಕೇ. ಅಷ್ಟು ವರ್ಷ ಕಟ್ಟಿದ್ದರಲ್ಲಿ ಹೆಚ್ಚಿನ ಪಾಲು ಸಾಲದ ಹಣಕ್ಕೆ ಕೊಟ್ಟ ಬಾಡಿಗೆ.

ಈಗ ಮೂವತ್ತು ವರ್ಷದ ಆಮಿಷಕ್ಕೆ ಬನ್ನಿ. ಅದೇ 50 ಲಕ್ಷ, ಅದೇ ದರ. ಕಂತು 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಐದು ಸಾವಿರದಷ್ಟು ಹಗುರ. ಆ ಹಗುರಕ್ಕೆ ತೆರುವ ಬೆಲೆ 34 ಲಕ್ಷ ಹೆಚ್ಚುವರಿ ಬಡ್ಡಿ. ಒಟ್ಟು ಬಡ್ಡಿ 88 ಲಕ್ಷ ದಾಟುತ್ತದೆ. ಇತ್ತ ಹದಿನೈದು ವರ್ಷಕ್ಕೆ ಮುಗಿಸುತ್ತೇನೆ ಎಂದವರಿಗೆ ಕಂತು 49,237, ಒಟ್ಟು ಬಡ್ಡಿ 38.6 ಲಕ್ಷ. ಸಂಬಳ ಸಾಲದವರಿಗೆ ಉದ್ದದ ಅವಧಿ ಅನಿವಾರ್ಯ, ಅವರನ್ನು ಯಾರೂ ಆಡಿಕೊಳ್ಳಬೇಕಿಲ್ಲ. ಉಳಿದ ಐದು ಸಾವಿರದಲ್ಲಿ ಇನ್ನೂ ದೊಡ್ಡ ಕಾರಿನ ಕಂತು ಹೊಂದಿಸುವವರ ಬಗ್ಗೆ ಮಾತ್ರ ನನ್ನ ತಕರಾರು.

ಇಷ್ಟೆಲ್ಲ ಲೆಕ್ಕ ಬಡ್ಡಿದರ ಇಪ್ಪತ್ತು ವರ್ಷವೂ ಕದಲದೆ ನಿಂತರೆ ಮಾತ್ರ. ನಿಲ್ಲುವುದಿಲ್ಲ. ನಮ್ಮಲ್ಲಿ ಗೃಹಸಾಲವೆಂದರೆ ಬಹುಮಟ್ಟಿಗೆ ಫ್ಲೋಟಿಂಗ್ ದರದ್ದು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಇಂಥ ಹೊಸ ಸಾಲಗಳನ್ನು ಹೊರಗಿನ ಒಂದು ಮಾನದಂಡಕ್ಕೆ ಜೋಡಿಸಬೇಕೆಂದು ರಿಸರ್ವ್ ಬ್ಯಾಂಕ್ ನಿಯಮ ಮಾಡಿತು, ಹೆಚ್ಚಿನವು ರೆಪೊ ದರವನ್ನು (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ) ಆರಿಸಿಕೊಂಡವು. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ಈ ಕಡ್ಡಾಯವಿಲ್ಲ ಎಂಬುದು ಅಲ್ಲಿ ಸಾಲ ತೆಗೆಯುವ ಎಷ್ಟೋ ಜನಕ್ಕೆ ಗೊತ್ತಿರುವುದಿಲ್ಲ. ಕೊರೊನಾ ಕಾಲದಲ್ಲಿ ರೆಪೊ ಶೇ 4ಕ್ಕೆ ಇಳಿದಿತ್ತು. ಗೃಹಸಾಲ ಆರೂವರೆ, ಆರೂಮುಕ್ಕಾಲಿಗೆ ಸಿಗುತ್ತಿತ್ತು. ಬೆಂಗಳೂರಿನಲ್ಲಿ ಮನೆಯಿಂದಲೇ ಕೆಲಸ ಮಾಡುತ್ತಿದ್ದವರು ಇನ್ನೊಂದು ಕೋಣೆ ಬೇಕೆಂದು ದೊಡ್ಡ ಫ್ಲ್ಯಾಟ್ ಹಿಡಿದ ಕಾಲ ಅದು. 2022ರ ಮೇ ತಿಂಗಳಿಂದ 2023ರ ಫೆಬ್ರುವರಿಯೊಳಗೆ ರೆಪೊ ಶೇ 6.5ಕ್ಕೆ ಏರಿತು.

ಆಗ ಏನಾಯಿತು? ಹೆಚ್ಚಿನವರ ಕಂತು ಏರಲೇ ಇಲ್ಲ. ಖಾತೆಯಿಂದ ಹಿಂದಿನಷ್ಟೇ ಹಣ ಹೋಗುತ್ತಿದ್ದುದರಿಂದ ಎಲ್ಲ ಸರಿಯಾಗಿದೆ ಎಂದುಕೊಂಡರು. ಬ್ಯಾಂಕು ಒಳಗೊಳಗೇ ಅವಧಿ ಎಳೆಯುತ್ತಿತ್ತು. ಎಷ್ಟು ಎಳೆಯಬಹುದು ಎಂಬುದಕ್ಕೆ ಒಂದು ಲೆಕ್ಕ: ಶೇ 6.5ಕ್ಕೆ 50 ಲಕ್ಷವನ್ನು 20 ವರ್ಷಕ್ಕೆ ತೆಗೆದವರ ಕಂತು 37,279. ಎರಡು ವರ್ಷ ಕಟ್ಟಿದ ಮೇಲೆ ಬಾಕಿ 47.4 ಲಕ್ಷ, ಉಳಿದ ಅವಧಿ 18 ವರ್ಷ. ದರ ಒಂದೇ ಸಲ 9ಕ್ಕೆ ಹೋಯಿತೆಂದು ಸರಳ ಮಾಡಿಕೊಳ್ಳೋಣ. ಆಗ ತಿಂಗಳ ಬಡ್ಡಿಯೇ 35,500 ದಾಟುತ್ತದೆ. ಅಸಲಿಗೆ ಉಳಿಯುವುದು ಸಾವಿರದ ಏಳುನೂರು ಚಿಲ್ಲರೆ. ಕಂತು ಹಾಗೇ ಇಟ್ಟರೆ ಆ ಸಾಲ ತೀರಲು ಬೇಕಾಗುವುದು ಇನ್ನೂ 34 ವರ್ಷ. ಹದಿನೆಂಟು ಹೋಗಿ ಮೂವತ್ನಾಲ್ಕು! ಅಷ್ಟು ಉದ್ದಕ್ಕೆ ಬ್ಯಾಂಕುಗಳು ಬಿಡುವುದಿಲ್ಲ, ನಿವೃತ್ತಿಯ ವಯಸ್ಸು ಅಡ್ಡ ಬರುತ್ತದೆ, ಎಲ್ಲೋ ಒಂದು ಕಡೆ ಕಂತನ್ನೂ ಏರಿಸುತ್ತಾರೆ. ನಲವತ್ತರಲ್ಲಿ ಸಾಲ ತೆಗೆದು ಅರವತ್ತಕ್ಕೆ ಮುಗಿಯಿತೆಂದುಕೊಂಡವರಿಗೆ ಮಾತ್ರ ಸಂಬಳವಿಲ್ಲದ ವಯಸ್ಸಿಗೂ ಕಂತು ಹಿಂಬಾಲಿಸುತ್ತದೆ.

ಈ ಗುಟ್ಟಿನ ಎಳೆತ ರಿಸರ್ವ್ ಬ್ಯಾಂಕಿನ ಕಣ್ಣಿಗೂ ಬಿತ್ತು. 2023ರ ಆಗಸ್ಟ್‌ನಲ್ಲಿ ಅದು ಹೊರಡಿಸಿದ ಸುತ್ತೋಲೆ ಸ್ಪಷ್ಟವಾಗಿದೆ: ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂಬ ಆಯ್ಕೆ ಸಾಲಗಾರನದು. ಸಾಲದಾತನ ನೀತಿಯಂತೆ ಸ್ಥಿರ ದರಕ್ಕೆ ಹೋಗುವ ದಾರಿಯನ್ನೂ ತೋರಿಸಬೇಕೆಂದು ಆಗ ಹೇಳಿತ್ತು, 2025ರಲ್ಲಿ ಅದನ್ನು ಸಾಲದಾತನ ಇಚ್ಛೆಗೆ ಬಿಟ್ಟಿತು. ಕಂತು ಆ ತಿಂಗಳ ಬಡ್ಡಿಗೂ ಸಾಲದಂತೆ ಅವಧಿ ಎಳೆಯುವಂತಿಲ್ಲ. ಆದರೆ ಆಯ್ಕೆ ಇದೆಯೆಂದು ತಿಳಿದವರಷ್ಟೇ ಆರಿಸಿಕೊಳ್ಳಬಲ್ಲರು. 2025ರಲ್ಲಿ ರೆಪೊ 6.5ರಿಂದ 5.25ಕ್ಕೆ ಇಳಿದಿದೆ. ನಿಮ್ಮ ದರವೂ ಅಷ್ಟು ಇಳಿಯಿತೇ? ಬ್ಯಾಂಕು ತನ್ನದೇ ಖರ್ಚಿನ ಲೆಕ್ಕದಲ್ಲಿ ದರ ಹಾಕುವ ಹಳೆಯ ಎಂಸಿಎಲ್‌ಆರ್ ಪದ್ಧತಿಯಲ್ಲೇ ಉಳಿದ ಸಾಲವಾದರೆ ಆಗಿರಲಿಕ್ಕಿಲ್ಲ. ಅದನ್ನು ರೆಪೊ ಪದ್ಧತಿಗೆ ಬದಲಿಸಿಕೊಳ್ಳಲು ಬ್ಯಾಂಕಿಗೆ ಅರ್ಜಿ ಕೊಡಬಹುದು.

ಸಾಲದ ಸುತ್ತ ಅಂಟಿಕೊಳ್ಳುವ ಖರ್ಚುಗಳೂ ಇವೆ. ಕರ್ನಾಟಕದಲ್ಲಿ 2025ರ ಆಗಸ್ಟ್ ಕೊನೆಗೆ ನೋಂದಣಿ ಶುಲ್ಕ ಶೇ 1ರಿಂದ 2ಕ್ಕೆ ಏರಿತು. ನಗರದಲ್ಲಿ 45 ಲಕ್ಷಕ್ಕೂ ಮೇಲಿನ ಮನೆಗೆ ಈ ನೋಂದಣಿ ಶುಲ್ಕ, ಸ್ಟ್ಯಾಂಪ್ ಡ್ಯೂಟಿ, ಸೆಸ್, ಸರ್ಚಾರ್ಜ್ ಎಲ್ಲ ಸೇರಿ ಶೇ 7.6. ಅಂದರೆ 65 ಲಕ್ಷದ ಮನೆಗೆ ಹತ್ತಿರ ಹತ್ತಿರ ಐದು ಲಕ್ಷ, ಕೈಯಿಂದಲೇ. ಕೆಲವರು ಅದಕ್ಕೆಂದೇ ಪರ್ಸನಲ್ ಲೋನ್ ಮಾಡುತ್ತಾರೆ. ಕಟ್ಟುತ್ತಿರುವ ಅಪಾರ್ಟ್‌ಮೆಂಟಾದರೆ ಪ್ರೀ-ಇಎಂಐ ಎಂಬುದೊಂದಿದೆ: ಬಿಲ್ಡರ್‌ಗೆ ಬಿಡುಗಡೆಯಾದ ಮೊತ್ತಕ್ಕೆ ಬರೀ ಬಡ್ಡಿ ಕಟ್ಟುತ್ತಾ ಇರುವುದು. ಮೂವತ್ತು ಲಕ್ಷ ಬಿಡುಗಡೆಯಾಗಿದ್ದರೆ ತಿಂಗಳಿಗೆ 21,250. ಮನೆ ಎರಡು ವರ್ಷ ತಡವಾದರೆ ಐದು ಲಕ್ಷ ಹೋಯಿತು, ಅಸಲು ಒಂದು ರೂಪಾಯಿ ಇಳಿದಿರುವುದಿಲ್ಲ, ಇತ್ತ ಬಾಡಿಗೆಯೂ ತಪ್ಪಿರುವುದಿಲ್ಲ. ಇನ್ನು ಸಾಲದ ಜೊತೆಗೇ ಮಾರುವ ವಿಮೆ. ಮನೆ ಯಜಮಾನನಿಗೆ ಏನಾದರೂ ಆದರೆ ಸಾಲ ಹೆಂಡತಿ ಮಕ್ಕಳ ತಲೆಗೆ ಬರಬಾರದು, ಹಾಗಾಗಿ ವಿಮೆ ಬೇಕೇ ಬೇಕು. ಆದರೆ ಎರಡು ಲಕ್ಷದ ಪ್ರೀಮಿಯಂ ಅನ್ನು ‘ಲೋನಲ್ಲೇ ಸೇರಿಸಿಬಿಡ್ತೀವಿ ಸಾರ್’ ಎಂದಾಗ ತಲೆಯಾಡಿಸಿದರೆ ಅದಕ್ಕೂ ಇಪ್ಪತ್ತು ವರ್ಷ ಬಡ್ಡಿ ಬಿದ್ದು ನಾಲ್ಕು ಲಕ್ಷ ಹದಿನಾರು ಸಾವಿರವಾಗುತ್ತದೆ. ಬೇರೆ ಟರ್ಮ್ ಪಾಲಿಸಿ ತೆಗೆದು ವರ್ಷ ವರ್ಷ ಕಟ್ಟಿದರೆ ಈ ಬಡ್ಡಿಯ ರಗಳೆ ಇಲ್ಲ.

‘ಟ್ಯಾಕ್ಸ್ ಉಳಿಯುತ್ತಲ್ಲ’ ಎಂಬ ಸಮಾಧಾನ ನಮ್ಮ ಮಧ್ಯಮವರ್ಗದ ಹಳೆಯ ಮಂತ್ರ. ಹಳೆಯ ತೆರಿಗೆ ಪದ್ಧತಿಯಲ್ಲಿ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ ಹೆಚ್ಚೆಂದರೆ ಎರಡು ಲಕ್ಷ ಕಳೆಯಬಹುದು. ಶೇ 30ರ ಸ್ಲ್ಯಾಬಿನವರಿಗೆ ಇದರಿಂದ ಉಳಿಯುವುದು 62,400 ರೂಪಾಯಿ. ನಮ್ಮ 50 ಲಕ್ಷದ ಸಾಲದಲ್ಲಿ ಮೊದಲ ವರ್ಷ ಬ್ಯಾಂಕಿಗೆ ಕಟ್ಟಿದ ಬಡ್ಡಿ 4.21 ಲಕ್ಷ. 2023-24ರಿಂದ ತಾನಾಗಿಯೇ ಅನ್ವಯವಾಗುವುದು ಹೊಸ ಪದ್ಧತಿ, ಅದರಲ್ಲಿ ವಾಸದ ಮನೆಗೆ ಆ 62 ಸಾವಿರವೂ ಇಲ್ಲ. ಆದರೂ ಮಂತ್ರ ಮಾತ್ರ ನಿಂತಿಲ್ಲ.

ಇಷ್ಟು ಹೇಳಿ ಹೆದರಿಸಿ ಬಿಟ್ಟರೆ ಅದೂ ಅರ್ಧ ಸತ್ಯವೇ. ಒಂದು ಕೋಟಿ ನಾಲ್ಕು ಲಕ್ಷ ಎಂಬ ಅಂಕಿಯಲ್ಲಿ ಇಂದಿನ ರೂಪಾಯಿಯನ್ನೂ ಇಪ್ಪತ್ತು ವರ್ಷದ ನಂತರದ ರೂಪಾಯಿಯನ್ನೂ ಒಂದೇ ತಕ್ಕಡಿಗೆ ಹಾಕಿ ತೂಗಿದ್ದೇವೆ. ವರ್ಷಕ್ಕೆ ಶೇ 5ರಂತೆ ಬೆಲೆ ಏರಿದರೆ ಕೊನೆಯ ಕಂತಿನ 43,391ಕ್ಕೆ ಇಂದಿನ ಹದಿನಾರು ಸಾವಿರ ಚಿಲ್ಲರೆಯ ಬೆಲೆಯಷ್ಟೇ. ಎಲ್ಲ ಕಂತನ್ನೂ ಹೀಗೆ ಇಂದಿನ ಬೆಲೆಗೆ ಇಳಿಸಿ ಕೂಡಿದರೆ ಬರುವುದು 66 ಲಕ್ಷದ ಆಸುಪಾಸು. ಐವತ್ತು ಲಕ್ಷಕ್ಕೆ ಹದಿನಾರು ಲಕ್ಷ ಹೆಚ್ಚು ಎಂದರೆ ಅಷ್ಟು ಭಯಂಕರವಲ್ಲ. ಇಪ್ಪತ್ತು ವರ್ಷದ ಬಾಡಿಗೆಯೂ ಉಳಿಯಿತಲ್ಲ ಎನ್ನುವವರ ವಾದದಲ್ಲಿ ಹುರುಳಿದೆ. ಸಾಲ ತೆಗೆದು ಮನೆ ಕೊಂಡವರು ದಡ್ಡರೇನಲ್ಲ. ಸಾಲ ಮಾಡದೆ ಹಣ ಕೂಡಿಸಿ ಕೊಳ್ಳುತ್ತೇನೆ ಎಂದು ಕೂತವರನ್ನು ಸೈಟಿನ ಬೆಲೆ ದಾಟಿ ಓಡಿದ್ದನ್ನು ಬೆಂಗಳೂರು, ಮೈಸೂರಿನವರು ಕಣ್ಣಾರೆ ಕಂಡಿದ್ದಾರೆ. ತೊಂದರೆಯಿರುವುದು ಸಂಬಳ ಏರುತ್ತಾ ಹೋದರೂ ಕಂತನ್ನು ಮೊದಲ ದಿನದ ಅಳತೆಯಲ್ಲೇ ಬಿಟ್ಟುಬಿಡುವುದರಲ್ಲಿ.

ಸರ್ವಜ್ಞನ ಕಾಲದ ಸಾಲಿಗ ಬಾಗಿಲಿಗೆ ಬಂದು ನಿಲ್ಲುತ್ತಿದ್ದ. ಈಗ ಯಾರೂ ಬರುವುದಿಲ್ಲ. ತಿಂಗಳ ಐದನೇ ತಾರೀಕು ಆಟೊ ಡೆಬಿಟ್ ಆಗುತ್ತದೆ, ಒಂದು ಮೆಸೇಜು ಬರುತ್ತದೆ, ಅದನ್ನೂ ಓದದೆ ಅಳಿಸುತ್ತೇವೆ. ಸದ್ದಿಲ್ಲದ ಸಾಲವನ್ನು ಮರೆಯುವುದು ಸುಲಭ. ಮರೆಯದವರಿಗೆ ದಾರಿಯಿದೆ. ಫ್ಲೋಟಿಂಗ್ ದರದ ಗೃಹಸಾಲವನ್ನು ಮುಂಚೆಯೇ ತೀರಿಸಿದರೆ ಬ್ಯಾಂಕುಗಳು ದಂಡ ಹಾಕುವಂತಿಲ್ಲವೆಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ. ನಮ್ಮ ಉದಾಹರಣೆಯ ಸಾಲದಲ್ಲಿ ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಹೆಚ್ಚಿಗೆ ಕಟ್ಟಿದರೆ ಬಾಲದ ಕಡೆಯ ಹನ್ನೊಂದು ಕಂತು ಉದುರಿಹೋಗುತ್ತವೆ. ಅದೇ ಲಕ್ಷವನ್ನು ಹದಿನೈದನೇ ವರ್ಷ ಕಟ್ಟಿದರೆ ಉದುರುವುದು ಮೂರೂವರೆ. ಬೋನಸ್ಸೋ ಅಡಿಕೆ ಮಾರಿದ ದುಡ್ಡೋ ಬಂದಾಗ ವರ್ಷಕ್ಕೊಂದು ಕಂತು ಹೆಚ್ಚುವರಿ ಕಟ್ಟುತ್ತಾ ಹೋದರೆ ಸಾಲ ಹದಿನೇಳು ವರ್ಷದೊಳಗೆ ಮುಗಿದು ಹತ್ತು ಲಕ್ಷಕ್ಕೂ ಮೇಲೆ ಬಡ್ಡಿ ಉಳಿಯುತ್ತದೆ. ಹಾಗೆ ಕಟ್ಟುವಾಗ ‘ಕಂತು ಕಡಿಮೆ ಮಾಡಬೇಡಿ, ಅವಧಿ ಕಡಿಮೆ ಮಾಡಿ’ ಎಂದು ಬರೆದುಕೊಡಬೇಕು. ಆಸ್ಪತ್ರೆಯ ಖರ್ಚಿಗೆಂದು ಇಟ್ಟ ಹಣವನ್ನೂ ಸಾಲಕ್ಕೆ ಸುರಿಯುವ ಹುಮ್ಮಸ್ಸು ಮಾತ್ರ ಬೇಡ. ಕಟ್ಟಿದ ಹಣವನ್ನು ತುರ್ತಿಗೆಂದು ಬ್ಯಾಂಕು ಸಾಮಾನ್ಯವಾಗಿ ಹಿಂದಕ್ಕೆ ಕೊಡುವುದಿಲ್ಲ.

ಹೊಸದಾಗಿ ಸಾಲ ತೆಗೆಯುವವರಿಗೆ ಒಂದು ಮಾತು. 2024ರ ಅಕ್ಟೋಬರ್ 1ರಿಂದ ಪ್ರತಿ ಗೃಹಸಾಲಕ್ಕೂ ಬ್ಯಾಂಕು ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ ಎಂಬ ಪತ್ರ ಕೊಡಲೇಬೇಕು. ಶುಲ್ಕಗಳೆಲ್ಲ ಸೇರಿದ ನಿಜವಾದ ವಾರ್ಷಿಕ ದರ ಅದರಲ್ಲಿರುತ್ತದೆ, ಯಾವ ತಿಂಗಳು ಅಸಲಿಗೆಷ್ಟು ಬಡ್ಡಿಗೆಷ್ಟು ಎಂಬ ಪೂರ್ತಿ ಪಟ್ಟಿಯೂ ಇರುತ್ತದೆ. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲೇ ಅದು ಇರಬೇಕೆಂದು ನಿಯಮವೇ ಹೇಳುತ್ತದೆ. ಕನ್ನಡದಲ್ಲಿ ಕೇಳಿ ಪಡೆಯಿರಿ. ಓದಿ ಒಪ್ಪಲು ಕನಿಷ್ಠ ಮೂರು ಕೆಲಸದ ದಿನಗಳ ಸಮಯವೂ ನಿಮಗಿದೆ. ಪತ್ರವನ್ನು ಮನೆಗೆ ತನ್ನಿ, ಮನೆಮಂದಿಯೆಲ್ಲ ಕೂತು ಆ ಪಟ್ಟಿಯ ಕೊನೆಯ ಸಾಲಿನವರೆಗೂ ಓದಿ, ಆಮೇಲೆ ಸಹಿ ಹಾಕಿ.