ಸಹಿ ನಮ್ಮದು, ಇಚ್ಛೆ ಯಾರದು?

2000ದ ಕೊನೆಗೆ ಸರಕಾರಿ ಬ್ಯಾಂಕುಗಳಲ್ಲಿ ವಿ.ಆರ್.ಎಸ್. ಬಂತು. ವರ್ಷದ ಸೇವೆಗೆ 60 ದಿನಗಳ ಸಂಬಳ, ಇಲ್ಲವೇ ಉಳಿದ ಸೇವೆಯ ಸಂಬಳ, ಯಾವುದು ಕಡಿಮೆಯೋ ಅದು. ಸುಮಾರು ಒಂದು ಲಕ್ಷ ಜನ ಹೊರಟರು. ಇದನ್ನು 'ಸ್ವಯಂ' ನಿವೃತ್ತಿ ಅನ್ನಬಹುದೇ? ದಣಿದವರು ಕೆಲವರು ಖುಷಿಯಿಂದಲೇ ಹೋದರು, ಅದು ಬೇರೆ ಮಾತು. ಆದರೆ ಕಂಪ್ಯೂಟರ್ ಬರ್ತದೆ, ದೂರ ವರ್ಗ ಆಗ್ತದೆ ಅಂತ ಹೆದರಿ ಬರೆದುಕೊಟ್ಟವರ ಒಪ್ಪಿಗೆ ಎಂಥ ಒಪ್ಪಿಗೆ? 'ಬೇಡ' ಅಂದರೂ ನೆಮ್ಮದಿಯಾಗಿ ಕೂತಿರಬಹುದಾದವನು 'ಹೂಂ' ಅಂದರೆ ಅದಕ್ಕೆ ಬೆಲೆ. ಊರಲ್ಲಾದರೆ ನಾಲ್ಕು ತೆಂಗಿನಮರವೋ ಅಣ್ಣನ ಮನೆಯೋ ಇರುತ್ತದೆ. ಮುಂಬಯಿಯಲ್ಲಿ ಹೌಸಿಂಗ್ ಲೋನ್ ಹೊತ್ತ ನಮ್ಮವರಿಗೆ ಸಂಬಳವೇ ನೆಂಟ. ಈಗ ಐಟಿ ಹುಡುಗರನ್ನು ಕರೆದು ಕೂರಿಸಿ ರಾಜೀನಾಮೆ ಬರೆಸಿಕೊಳ್ಳುವುದೂ ಇದೇ ಜಾತಿಯದು. ಪಾಪ, ಅವರಿಗೆ ಆ 60 ದಿನಗಳ ಲೆಕ್ಕವೂ ಇಲ್ಲ.