ಧೃತರಾಷ್ಟ್ರ ಬೇಡವೆಂದ ಕಣ್ಣು

ಕುರುಕ್ಷೇತ್ರದಲ್ಲಿ ಎರಡೂ ಕಡೆಯ ಸೇನೆ ನೆರೆದಾಗ ವ್ಯಾಸರು ಹಸ್ತಿನಾವತಿಗೆ ಬರುತ್ತಾರೆ. ಯುದ್ಧ ನೋಡುವ ಮನಸ್ಸಿದ್ದರೆ ಹೇಳು, ಕಣ್ಣು ಕೊಡುತ್ತೇನೆ ಎಂದು ಧೃತರಾಷ್ಟ್ರನನ್ನು ಕೇಳುತ್ತಾರೆ. ಹುಟ್ಟುಗುರುಡ ದೊರೆ ಒಲ್ಲೆ ಎನ್ನುತ್ತಾನೆ. ತನ್ನವರು ತನ್ನವರನ್ನೇ ಕೊಲ್ಲುವುದನ್ನು ನೋಡಲಾರೆ, ಆದರೆ ನಡೆದದ್ದನ್ನು ಒಂದೂ ಬಿಡದೆ ಕೇಳಬೇಕು ಎನ್ನುತ್ತಾನೆ. ಭೀಷ್ಮಪರ್ವದ ಆರಂಭದಲ್ಲಿ ಬರುವ ಈ ಪ್ರಸಂಗದಲ್ಲಿ ದಿವ್ಯದೃಷ್ಟಿ ಕೊನೆಗೆ ಸಂಜಯನ ಪಾಲಾಗುತ್ತದೆ.

ಆ ದೊರೆಗೆ ಬದುಕಿಡೀ ಬುದ್ಧಿ ಹೇಳಿ ಸೋತ ತಮ್ಮ ವಿದುರನ ಹೆಸರು ಗೌರಿಬಿದನೂರು ತಾಲ್ಲೂಕಿನ ವಿದುರಾಶ್ವತ್ಥದಲ್ಲಿ ಇಂದಿಗೂ ಉಳಿದಿದೆ. ಉತ್ತರ ಪಿನಾಕಿನಿಯ ದಡದ ಅಶ್ವತ್ಥವನ್ನು ನೆಟ್ಟವನು ವಿದುರನೇ ಎಂಬುದು ಸ್ಥಳಪುರಾಣ. ಹಳೆಯ ಮರ 2001ರಲ್ಲಿ ಉರುಳಿತು. ಸುತ್ತಲಿನ ಸಾಲುಸಾಲು ನಾಗರಕಲ್ಲುಗಳ ಮುಂದೆ ಹರಕೆ ಹೊತ್ತವರ ಅರಿಸಿನ ಕುಂಕುಮ ಮಾತ್ರ ನಿಂತಿಲ್ಲ. ಅಣ್ಣನ ಕುರುಡುತನವನ್ನು ಅತಿ ಹತ್ತಿರದಿಂದ ಕಂಡ ವಿದುರನ ನೆಲದಲ್ಲಿ ನಿಂತವರಿಗೆ ಒಂದು ಪ್ರಶ್ನೆ ಏಳದಿರದು. ಬಂದ ಕಣ್ಣನ್ನು ಒಬ್ಬ ಮನುಷ್ಯ ಬೇಡವೆಂದದ್ದು ಏಕೆ? ನೋಟ ಎನ್ನುವುದು ಬರೀ ವರವೋ, ಅದರ ಜೊತೆಗೆ ಹೊಣೆಯೂ ಬರುತ್ತದೆಯೋ?

ಇವತ್ತು ಈ ಪ್ರಶ್ನೆ ಪುರಾಣದ್ದಾಗಿ ಉಳಿದಿಲ್ಲ. ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟದ ಮನೆಗಳಲ್ಲಿ ಕಣ್ಣಿಗೆ ಲೇಸರ್ ಮಾಡಿಸಿಕೊಂಡವರು ಒಬ್ಬಿಬ್ಬರಾದರೂ ಸಿಗುತ್ತಾರೆ. ಆದರೆ ಎಲ್ಲರಿಗೂ ಆದದ್ದು ಒಂದೇ ಚಿಕಿತ್ಸೆಯಲ್ಲ. ಬೆಂಗಳೂರಿನಲ್ಲಿ ಕೆಲಸಕ್ಕಿರುವ ಮಗಳು ಕನ್ನಡಕ ಬಿಡಲು ಮಾಡಿಸಿಕೊಂಡದ್ದು ಲಾಸಿಕ್. ಪೊರೆಯ ಆಪರೇಷನ್ ಆಗಿ ಒಂದೆರಡು ವರ್ಷಕ್ಕೆ ಮತ್ತೆ ಮಂಜಾಯಿತೆಂದು ಅಜ್ಜಿ ಹೋದಾಗ ವೈದ್ಯರು ಮಾಡಿದ್ದು ಯಾಗ್ ಲೇಸರ್. ಕೂರಿಸಿದ ಲೆನ್ಸಿನ ಹಿಂದೆ ಮಸುಕಾದ ತೆಳುಪೊರೆಗೆ ಕೆಲವೇ ನಿಮಿಷದಲ್ಲಿ ಕಿಂಡಿ ತೆರೆಯುವ ಕೆಲಸ ಅದು. ಸಕ್ಕರೆ ಕಾಯಿಲೆಯಿಂದ ರೆಟಿನಾ ಕೆಟ್ಟ ತಂದೆಗೆ ಹಾಕಿದ ಲೇಸರ್ ಹೋದ ನೋಟವನ್ನು ತಂದುಕೊಡುವುದಕ್ಕಲ್ಲ, ಉಳಿದದ್ದನ್ನು ಕಾಯುವುದಕ್ಕೆ. ಇನ್ನೊಂದು ಲೇಸರ್ ಅವಧಿಗೆ ಮುಂಚೆ ಹುಟ್ಟಿದ ಕೂಸಿಗೆ. ರೆಟಿನಾದ ರಕ್ತನಾಳಗಳು ದಾರಿ ತಪ್ಪಿ ಬೆಳೆದಾಗ ಅದನ್ನು ಸಕಾಲಕ್ಕೆ ತಡೆಯದಿದ್ದರೆ ಮಗು ಕುರುಡಾಗುತ್ತದೆ. ಅಂಥ ಕೂಸುಗಳನ್ನು ಜಿಲ್ಲೆಗಳ ಆಸ್ಪತ್ರೆಗಳಲ್ಲೇ ಪರೀಕ್ಷಿಸಲು ಬೆಂಗಳೂರಿನ ನಾರಾಯಣ ನೇತ್ರಾಲಯ 2008ರಲ್ಲಿ ಕಿಡ್ರಾಪ್ ಎಂಬ ಯೋಜನೆ ಶುರುಮಾಡಿತು. ತರಬೇತಿ ಪಡೆದ ತಂತ್ರಜ್ಞರು ಕ್ಯಾಮೆರಾ ಹೊತ್ತು ಆಸ್ಪತ್ರೆಗಳಿಗೆ ಹೋಗಿ ಮಗುವಿನ ರೆಟಿನಾದ ಚಿತ್ರ ತೆಗೆಯುತ್ತಾರೆ, ತಜ್ಞರು ದೂರದಿಂದಲೇ ಅದನ್ನು ನೋಡಿ ಹೇಳುತ್ತಾರೆ. ಆ ಮಗುವಿಗೆ ತಾನು ಏನನ್ನು ಕಳೆದುಕೊಳ್ಳುವುದರಲ್ಲಿತ್ತು ಎಂಬುದು ಎಂದೂ ಗೊತ್ತಾಗುವುದಿಲ್ಲ.

ಲಾಸಿಕ್‌ಗೆ ಬೇಕಾದ ಬೆಳಕನ್ನು ಹುಡುಕಿಕೊಟ್ಟವರಲ್ಲಿ ನಮ್ಮ ಕಡೆಯವರೂ ಇದ್ದಾರೆ. 1929ರಲ್ಲಿ ಮದರಾಸಿನಲ್ಲಿ ಹುಟ್ಟಿದ ರಂಗಸ್ವಾಮಿ ಶ್ರೀನಿವಾಸನ್ ಅಮೆರಿಕದ ಐಬಿಎಂ ಪ್ರಯೋಗಾಲಯದಲ್ಲಿದ್ದರು. 1981ರ ನವೆಂಬರಿನಲ್ಲಿ ಅವರು ಹಬ್ಬದ ಊಟದಲ್ಲಿ ಮಿಕ್ಕ ಟರ್ಕಿ ಕೋಳಿಯ ತುಂಡಿನ ಮೇಲೆ 193 ನ್ಯಾನೋಮೀಟರ್ ಅಲೆಯುದ್ದದ ಎಕ್ಸೈಮರ್ ಲೇಸರ್ ಬಿಟ್ಟು ನೋಡಿದರು. ಸುತ್ತಲಿನ ಭಾಗ ಸುಡದೆ ಕರಾರುವಾಕ್ಕಾಗಿ ಕೆತ್ತಿಹೋಗಿತ್ತು. ಸಹೋದ್ಯೋಗಿಗಳಾದ ಸ್ಯಾಮ್ಯುಯೆಲ್ ಬ್ಲಮ್, ಜೇಮ್ಸ್ ವಿನ್ ಜೊತೆ ಮುಂದುವರಿದ ಆ ಕೆಲಸವೇ ಕಣ್ಣಿನ ಚಿಕಿತ್ಸೆಗೆ ದಾರಿಯಾಯಿತು.

ಅದರ ಸೂಕ್ಷ್ಮ ಶಿಡ್ಲಘಟ್ಟದವರಿಗೆ ಬೇಗ ತಿಳಿದೀತು. ರೇಷ್ಮೆ ಬಿಚ್ಚಣಿಕೆಯಲ್ಲಿ ಬಿಸಿನೀರಿನಲ್ಲಿ ತೇಲುವ ಗೂಡಿನಿಂದ ತುದಿ ಹುಡುಕಿ ಎಳೆದ ಒಂಟಿ ಎಳೆಯ ದಪ್ಪ ಸುಮಾರು 20 ಮೈಕ್ರಾನ್. ಲಾಸಿಕ್‌ನಲ್ಲಿ ಕಾರ್ನಿಯಾದ ಮೇಲಿನಿಂದ ಎತ್ತಿ ಮಗುಚುವ ಪದರ 100ರಿಂದ 120 ಮೈಕ್ರಾನ್, ಅಂದರೆ ಅಂಥ ಐದಾರು ಎಳೆಯಷ್ಟು. ಅದರಡಿ ಲೇಸರಿನ ಒಂದೊಂದು ಹೊಡೆತಕ್ಕೆ ಹೋಗುವುದು ಸುಮಾರು ಕಾಲು ಮೈಕ್ರಾನ್. ಕೆಲವು ಸೆಕೆಂಡುಗಳಲ್ಲಿ ಕೆತ್ತನೆ ಮುಗಿದು ಪದರ ಮತ್ತೆ ತನ್ನ ಜಾಗಕ್ಕೆ ಬರುತ್ತದೆ.

ಮರುದಿನ ಬೆಳಗ್ಗೆ ಕನ್ನಡಕವಿಲ್ಲದೆ ಗೋಡೆಯ ಕ್ಯಾಲೆಂಡರಿನ ತಿಥಿ ನಕ್ಷತ್ರ ಓದಿದವರ ಸಂತೋಷವನ್ನು ಯಾರೂ ಸಣ್ಣದೆನ್ನಬಾರದು. ಆದರೆ ಚೇತರಿಕೆ ಅಲ್ಲಿಗೆ ಮುಗಿಯುವುದಿಲ್ಲ. ಕಣ್ಣು ಉಜ್ಜುವಂತಿಲ್ಲ, ಕೆಲವು ದಿನ ತಲೆಗೆ ನೀರು ಹಾಕಿಕೊಳ್ಳುವಂತಿಲ್ಲ, ಮಲಗುವಾಗ ಕಣ್ಣಿಗೆ ಪ್ಲಾಸ್ಟಿಕ್ ಕವಚ, ಹೊತ್ತುಹೊತ್ತಿಗೆ ಡ್ರಾಪ್ಸ್. ಪದರ ಎತ್ತುವಾಗ ಕಾರ್ನಿಯಾದ ನರಗಳ ತುದಿ ಕತ್ತರಿಸಿರುತ್ತವೆ, ಹಾಗಾಗಿ ತಿಂಗಳುಗಟ್ಟಲೆ ಕಣ್ಣು ಒಣಗುತ್ತದೆ, ಮರಳು ಬಿದ್ದಂತೆ ಚುಚ್ಚುತ್ತದೆ. ರಾತ್ರಿ ಹೈದರಾಬಾದ್ ಹೆದ್ದಾರಿಯಲ್ಲಿ ಎದುರು ಬರುವ ಲಾರಿಯ ದೀಪದ ಸುತ್ತ ಉಂಗುರ ಕಾಣುತ್ತದೆ. ಹೆಚ್ಚಿನವರಲ್ಲಿ ಇದು ಬರಬರುತ್ತ ತಗ್ಗುತ್ತದೆ. ಕಾರ್ನಿಯಾ ಮಾಯುವುದರ ಜೊತೆಗೆ ಹೊಸ ಬಗೆಯ ಬೆಳಕಿಗೆ ಮಿದುಳೂ ಒಗ್ಗಬೇಕು. ಕಣ್ಣು ಸರಿಹೋದದ್ದು ಒಂದು ದಿನದಲ್ಲಿ. ನೋಟ ನೆಲೆಗೊಳ್ಳಲು ಮೂರರಿಂದ ಆರು ತಿಂಗಳು ಬೇಕು.

ಹಿಂದೆ ನೋಡಿ ಬಲ್ಲವರ ಕಥೆಯೇ ಹೀಗಾದರೆ, ನೋಟವೆಂದರೇನೆಂದೇ ತಿಳಿಯದವರ ಗತಿ ಏನು?

1688ರಲ್ಲಿ ಐರ್ಲೆಂಡಿನ ವಿಲಿಯಂ ಮಾಲಿನೋ ತತ್ತ್ವಜ್ಞಾನಿ ಜಾನ್ ಲಾಕ್‌ಗೆ ಬರೆದ ಪತ್ರದಲ್ಲಿ ಇದನ್ನೇ ಕೇಳಿದ. ಅವನ ಹೆಂಡತಿ ಕಣ್ಣು ಕಳೆದುಕೊಂಡಿದ್ದಳು. ಗೋಳ ಯಾವುದು, ಘನ ಯಾವುದು ಎಂದು ಮುಟ್ಟಿ ಬಲ್ಲ ಹುಟ್ಟುಗುರುಡನಿಗೆ ತಟ್ಟನೆ ಕಣ್ಣು ಬಂದರೆ, ಮುಟ್ಟದೆ ನೋಡಿಯೇ ಅವೆರಡನ್ನು ಗುರುತಿಸಬಲ್ಲನೆ? ಮುನ್ನೂರು ವರ್ಷಕ್ಕೂ ಹೆಚ್ಚು ಕಾಲ ಚರ್ಚೆಯಲ್ಲೇ ಉಳಿದಿದ್ದ ಈ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಭಾರತದ ಮಕ್ಕಳಿಂದ. ಎಂಐಟಿಯ ಪವನ್ ಸಿನ್ಹಾ ಅವರ ಪ್ರಾಜೆಕ್ಟ್ ಪ್ರಕಾಶ್ ಮೂಲಕ ಶಸ್ತ್ರಚಿಕಿತ್ಸೆ ಪಡೆದ, 8ರಿಂದ 17 ವಯಸ್ಸಿನ ಐವರು ಮಕ್ಕಳನ್ನು ಪಟ್ಟಿ ಬಿಚ್ಚಿದ ಕೂಡಲೇ ಪರೀಕ್ಷಿಸಿದಾಗ, ಕೈಗೆ ತಿಳಿದದ್ದು ಕಣ್ಣಿಗೆ ತಿಳಿಯಲಿಲ್ಲ. ಆದರೆ ಕೆಲವೇ ದಿನಗಳಲ್ಲಿ ಮಕ್ಕಳು ಅದನ್ನು ಕಲಿತರು. ಆ ಅಧ್ಯಯನ 2011ರಲ್ಲಿ ಪ್ರಕಟವಾಯಿತು.

ಕಲಿಕೆ ಎಲ್ಲರಿಗೂ ಹಾಗೆ ಸಲೀಸಲ್ಲ. ಇಂಗ್ಲೆಂಡಿನ ಸಿಡ್ನಿ ಬ್ರಾಡ್‌ಫರ್ಡ್ ಹತ್ತು ತಿಂಗಳ ಕೂಸಾಗಿದ್ದಾಗ ನೋಟ ಕಳೆದುಕೊಂಡಿದ್ದವರು. 52ನೇ ವಯಸ್ಸಿನಲ್ಲಿ ಕಾರ್ನಿಯಾ ಕಸಿಯಿಂದ ಕಣ್ಣು ಪಡೆದರು. ಅವರನ್ನು ಅಭ್ಯಸಿಸಿದ ರಿಚರ್ಡ್ ಗ್ರೆಗರಿ ಲಂಡನ್ನಿನ ವಿಜ್ಞಾನ ಸಂಗ್ರಹಾಲಯಕ್ಕೆ ಕರೆದೊಯ್ದು ಒಂದು ಲೇತ್ ಯಂತ್ರ ತೋರಿಸಿದಾಗ ಬ್ರಾಡ್‌ಫರ್ಡ್‌ಗೆ ತಲೆಬುಡ ತಿಳಿಯಲಿಲ್ಲ. ಕಣ್ಣು ಮುಚ್ಚಿಕೊಂಡು ಯಂತ್ರದ ಮೈಯೆಲ್ಲ ಕೈಯಿಂದ ತಡವಿದರು. ಆಮೇಲೆ ಒಂದು ಹೆಜ್ಜೆ ಹಿಂದೆ ಸರಿದು, ಕಣ್ಣು ಬಿಟ್ಟು, ಮುಟ್ಟಿದ ಮೇಲೆ ಈಗ ಕಾಣುತ್ತಿದೆ ಎಂದರು. ಕುರುಡರಾಗಿದ್ದಾಗ ಧೈರ್ಯದಿಂದ ಬದುಕಿದ್ದ ಅವರನ್ನು ಕಂಡ ಲೋಕ ನಿರಾಸೆಗೊಳಿಸಿತು. ಸುಲಿದ ಬಣ್ಣ, ಮಾಸಿದ ಗೋಡೆ ನೋಡಿದರೆ ಮನಸ್ಸು ಕುಗ್ಗುತ್ತಿತ್ತು. ಖಿನ್ನರಾಗಿಯೇ 1960ರಲ್ಲಿ ತೀರಿಕೊಂಡರು.

ಕಣ್ಣು ಕಿವಿಗಳನ್ನು ಅವುಗಳ ಕೆಲಸಕ್ಕೆ ಹಚ್ಚುವುದು ಯಾವುದು ಎಂಬ ವಿಚಾರದಿಂದಲೇ ಕೇನೋಪನಿಷತ್ತು ಆರಂಭವಾಗುತ್ತದೆ. ವೇದಾಂತಿಗಳು ಅದಕ್ಕೆ ಆತ್ಮವೆಂದು ಉತ್ತರಿಸಿದರು, ನರವಿಜ್ಞಾನಿಗಳು ಮಿದುಳಿನ ಕಲಿಕೆಯತ್ತ ಬೆರಳು ತೋರಿಸುತ್ತಾರೆ. ಎರಡೂ ಒಂದೇ ಉತ್ತರ ಎನ್ನುವುದು ಅವಸರವಾದೀತು. ಆದರೆ ಕಣ್ಣಿನ ಗುಡ್ಡೆಯೊಂದೇ ನೋಡುವುದಿಲ್ಲ ಎಂಬಲ್ಲಿ ಇಬ್ಬರದೂ ಒಪ್ಪಿಗೆಯಿದೆ.

ಹಾಗಾದರೆ ಕಣ್ಣು ಬಂದಾಗ ಕೈಮುಗಿಯಬೇಕಾದದ್ದು ಯಾರಿಗೆ? ಈ ಸೀಮೆಯಲ್ಲಿ ಎರಡು ಉತ್ತರಗಳು ಅಕ್ಕಪಕ್ಕದಲ್ಲೇ ಬದುಕಿವೆ. ಕಣ್ಣುಬೇನೆ ವಾಸಿಯಾದರೆ ದೇವರ ಹುಂಡಿಗೆ ಬೆಳ್ಳಿಯ ಕಣ್ಣು ಹಾಕುವ ಹರಕೆ ಹಳೆಯದು. ಚಿಂತಾಮಣಿ ತಾಲ್ಲೂಕಿನ ಮುರುಗಮಲ್ಲದಲ್ಲಿ ಅಮ್ಮಾಜಾನ್ ಬಾವಾಜಾನ್ ದರ್ಗಾಕ್ಕೆ ಕಾಯಿಲೆ ಕಸಾಲೆ ಹೊತ್ತು ಬರುವವರಲ್ಲಿ ಹಿಂದೂಗಳೂ ಇದ್ದಾರೆ, ಮುಸ್ಲಿಮರೂ ಇದ್ದಾರೆ. ಇನ್ನೊಂದು ಕಡೆ, ಗೌರಿಬಿದನೂರು ತಾಲ್ಲೂಕಿನ ಹೊಸೂರಿನಲ್ಲಿ 1920ರಲ್ಲಿ ಹುಟ್ಟಿದ ಎಚ್. ನರಸಿಂಹಯ್ಯನವರು. ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಗಳಾಗಿದ್ದಾಗ, 1976ರಲ್ಲಿ, ಪವಾಡ ಮತ್ತು ಮೂಢನಂಬಿಕೆಗಳನ್ನು ವೈಜ್ಞಾನಿಕವಾಗಿ ಪರೀಕ್ಷಿಸಲು ಸಮಿತಿ ರಚಿಸಿ ದೇಶದಲ್ಲೇ ದೊಡ್ಡ ಚರ್ಚೆ ಎಬ್ಬಿಸಿದರು.

ಈ ಎರಡು ಉತ್ತರಗಳ ನಡುವೆ ಒಂದನ್ನು ಆರಿಸಲೇಬೇಕೆಂದಿಲ್ಲ. ಬೆಳ್ಳಿಯ ಕಣ್ಣು ಒಂದು ಕೃತಜ್ಞತೆ. ಕೃತಜ್ಞತೆಗೆ ಪುರಾವೆ ಬೇಕಿಲ್ಲ. ಪವಾಡದಿಂದ ಕಣ್ಣು ಬರುತ್ತದೆ ಎಂಬುದು ಒಂದು ವಾದ, ಅದಕ್ಕೆ ಪುರಾವೆ ಬೇಕೇ ಬೇಕು. ಏಕೆಂದರೆ ರೆಟಿನಾದಲ್ಲಿ ರಕ್ತ ಸೋರಲು ತೊಡಗಿದ ಮೇಲೂ ಹರಕೆಯನ್ನಷ್ಟೇ ನೆಚ್ಚಿ ತಿಂಗಳುಗಟ್ಟಲೆ ಕಾದ ಸಕ್ಕರೆ ಕಾಯಿಲೆಯವರಿಗೆ ಕಳೆದ ನೋಟವನ್ನು ಯಾವ ಲೇಸರ್ ಕೂಡ ಮರಳಿ ಕೊಡಲಾರದು. ಹರಕೆ ಹೊರಲಿ, ಆದರೆ ವರ್ಷಕ್ಕೊಮ್ಮೆ ರೆಟಿನಾ ತೋರಿಸಿಕೊಂಡು ಬರಲಿ. ದೇವರನ್ನು ನಂಬುವವರು ಇದರಿಂದ ಕಳೆದುಕೊಳ್ಳುವುದು ಏನೂ ಇಲ್ಲ.

ಕನ್ನಡನಾಡಿನಲ್ಲಿ ಜನ ಒಬ್ಬ ಕಣ್ಣಿನ ವೈದ್ಯರನ್ನೇ ದೇವರೆಂದು ಕರೆದದ್ದೂ ಉಂಟು. ಬೀಳಗಿಯಲ್ಲಿ 1916ರಲ್ಲಿ ಹುಟ್ಟಿದ ಡಾ. ಎಂ.ಸಿ. ಮೋದಿ 1943ರಿಂದ ಊರೂರಿಗೆ ಹೋಗಿ ಉಚಿತ ನೇತ್ರ ಶಿಬಿರ ನಡೆಸಿದರು. ಒಂದೇ ದಿನ 833 ಪೊರೆ ಶಸ್ತ್ರಚಿಕಿತ್ಸೆ ಮಾಡಿದ್ದು ಗಿನ್ನೆಸ್ ದಾಖಲೆ. 1993ರ ಫೆಬ್ರುವರಿ ಹೊತ್ತಿಗೆ ಒಟ್ಟು ಲೆಕ್ಕ 6,10,564. ಪೊರೆಗಟ್ಟಿದ ಲೆನ್ಸನ್ನೇ ತೆಗೆದು ದಪ್ಪ ಸೋಡಾಬುಡ್ಡಿ ಕನ್ನಡಕ ಕೊಡುತ್ತಿದ್ದ ಕಾಲ ಅದು. ಆ ಕನ್ನಡಕದಲ್ಲಿ ಲೋಕ ಹಿಗ್ಗಿ ಬಾಗಿ ಕಾಣುತ್ತಿತ್ತು, ಆದರೂ ಮೊಮ್ಮಕ್ಕಳ ಮುಖ ಕಾಣುತ್ತಿತ್ತು. ಪವಾಡಗಳನ್ನು ಪ್ರಶ್ನಿಸಿದ ನರಸಿಂಹಯ್ಯ, ಕೈಯಾರೆ ಕಣ್ಣು ತೆರೆಸಿದ ಮೋದಿ, ಇಬ್ಬರೂ 2005ರಲ್ಲಿ ಅಗಲಿದರು.

ಯಾರು ಕೊಟ್ಟರು ಎಂಬುದಕ್ಕಿಂತ ಯಾತಕ್ಕೆ ಎಂಬುದು ಕಷ್ಟದ ಪ್ರಶ್ನೆ. ಪಕ್ಕದ ಮುಳಬಾಗಿಲಿನಲ್ಲಿ 15ನೇ ಶತಮಾನದಲ್ಲಿದ್ದ ಶ್ರೀಪಾದರಾಜರು ಕಣ್ಣು ಇರುವುದು ಯಾತಕ್ಕೆ ಎಂಬುದನ್ನೇ ಕೀರ್ತನೆಯ ವಸ್ತುವಾಗಿಸಿದರು. ಭಕ್ತರಾದ ಅವರಿಗೆ ಉತ್ತರ ಭಗವಂತನ ದರ್ಶನದಲ್ಲಿತ್ತು. ದೇವಸ್ಥಾನದ ವಿಧಿಯಲ್ಲೂ ಈ ಕಾಳಜಿ ಕಾಣುತ್ತದೆ. ವಿಗ್ರಹದ ಮೈಯೆಲ್ಲ ಕಡೆದು ಮುಗಿದರೂ ಶಿಲ್ಪಿ ಕಣ್ಣನ್ನು ಕಡೆಗೆ ಉಳಿಸಿಕೊಳ್ಳುತ್ತಾನೆ. ಪ್ರತಿಷ್ಠೆಯ ಸಮಯದಲ್ಲಿ ಚಿನ್ನದ ಸೂಜಿಯಿಂದ ಕಣ್ಣು ತೆರೆಯುವ ನೇತ್ರೋನ್ಮೀಲನ ನಡೆಯುತ್ತದೆ. ಆಗ ಎದುರಿಗೆ ಯಾರೂ ನಿಲ್ಲುವುದಿಲ್ಲ. ಮೊದಲ ನೋಟಕ್ಕೆ ಕನ್ನಡಿ ಹಿಡಿಯುತ್ತಾರೆ, ಕರುವಿನ ಜೊತೆ ಹಸುವನ್ನು ತಂದು ನಿಲ್ಲಿಸುತ್ತಾರೆ. ಕಣ್ಣು ತೆರೆದರೆ ಸಾಲದು, ಅದು ಮೊದಲು ಯಾವುದರ ಮೇಲೆ ಬೀಳುತ್ತದೆ ಎಂಬುದನ್ನೂ ಯೋಚಿಸಿದ ಸಂಪ್ರದಾಯವಿದು.

ಧೃತರಾಷ್ಟ್ರ ಯೋಚಿಸಿದ್ದೂ ಅದನ್ನೇ. ಮಗನ ಅನ್ಯಾಯ ಅವನಿಗೆ ತಿಳಿಯದ್ದಲ್ಲ, ದ್ಯೂತದ ದಿನ ಸಭೆಯಲ್ಲಿ ಪ್ರತಿ ಸದ್ದನ್ನೂ ಕೇಳಿದ್ದ. ಕೇಳಿದ್ದನ್ನು ನಂಬದಿರಬಹುದು, ಮರೆಯಬಹುದು. ಕಂಡದ್ದಕ್ಕೆ ಉತ್ತರ ಕೊಡಬೇಕಾಗುತ್ತದೆ. ಆ ಉತ್ತರದಿಂದ ತಪ್ಪಿಸಿಕೊಳ್ಳಲೆಂದೇ ಅವನು ಕಣ್ಣು ಬೇಡವೆಂದ. ಆದರೆ ಮಹಾಭಾರತ ಅವನನ್ನು ಅಲ್ಲಿಗೆ ಬಿಡುವುದಿಲ್ಲ. ಆಶ್ರಮವಾಸಿಕ ಪರ್ವದಲ್ಲಿ ಯುದ್ಧ ಮುಗಿದು ಎಷ್ಟೋ ವರ್ಷವಾದ ಮೇಲೆ, ಗಂಗೆಯ ದಡದಲ್ಲಿ, ವ್ಯಾಸರು ಸತ್ತವರನ್ನೆಲ್ಲ ಒಂದು ರಾತ್ರಿಯ ಮಟ್ಟಿಗೆ ನೀರಿನಿಂದ ಎಬ್ಬಿಸುತ್ತಾರೆ. ಆಗ ಧೃತರಾಷ್ಟ್ರ ದಿವ್ಯದೃಷ್ಟಿಯನ್ನು ಸ್ವೀಕರಿಸುತ್ತಾನೆ. ನೂರು ಮಕ್ಕಳ ತಂದೆ ತನ್ನ ಮಕ್ಕಳ ಮುಖವನ್ನು ಮೊದಲ ಸಲ ನೋಡುವುದು ಅವರು ಸತ್ತ ಮೇಲೆ. ಮೊದಲೇ ನೋಡಿದ್ದರೆ ಮಕ್ಕಳು ಉಳಿಯುತ್ತಿದ್ದರೋ ಏನೋ, ಕಥೆ ಹೇಳುವುದಿಲ್ಲ. ಆದರೆ ತಡವಾಗಿ ಬಂದ ನೋಟ ಯಾರನ್ನೂ ಉಳಿಸಲಿಲ್ಲ ಎಂಬುದು ಸ್ಪಷ್ಟ.

ನೋಟ ಹೊಣೆ ತರುತ್ತದೆ ಎಂದು ಒಪ್ಪಿದವರಿಗೆ, ಆ ಹೊಣೆ ತೀರಿಸಲು ಪುರಾಣವೂ ಆಸ್ಪತ್ರೆಯೂ ಒಂದೇ ದಾರಿ ತೋರಿಸುತ್ತವೆ. ಕಾಳಹಸ್ತಿಯಲ್ಲಿ ಶಿವಲಿಂಗದ ಕಣ್ಣಲ್ಲಿ ನೆತ್ತರು ಕಂಡು ತನ್ನ ಕಣ್ಣನ್ನೇ ಕಿತ್ತಿಟ್ಟ ಬೇಡ ಕಣ್ಣಪ್ಪ. 1954ರ ಬೇಡರ ಕಣ್ಣಪ್ಪ ಚಿತ್ರದಲ್ಲಿ ಆ ಪಾತ್ರ ಮಾಡಿದ ರಾಜ್‌ಕುಮಾರ್ ಅವರ ಕಣ್ಣುಗಳು 2006ರ ಏಪ್ರಿಲ್‌ನಲ್ಲಿ ಅವರು ನಿಧನರಾದಾಗ ದಾನವಾದವು. 2021ರ ಅಕ್ಟೋಬರ್ 29ರಂದು ಅವರ ಮಗ, ನಟ ಪುನೀತ್ ತೀರಿಕೊಂಡಾಗ, ನಾರಾಯಣ ನೇತ್ರಾಲಯದ ವೈದ್ಯರು ಪುನೀತ್ ಅವರ ಎರಡು ಕಾರ್ನಿಯಾಗಳ ಮುಂದಿನ ಮತ್ತು ಹಿಂದಿನ ಪದರಗಳನ್ನು ಬೇರ್ಪಡಿಸಿ ನಾಲ್ವರಿಗೆ ಕಸಿ ಮಾಡಿದರು.

ಇದೇ ತಂತ್ರದಿಂದಾಗಿ ಲಾಸಿಕ್ ಮಾಡಿಸಿಕೊಂಡವರೂ ಕಣ್ಣು ಕೊಡಬಹುದು. ಕೆತ್ತಿಸಿಕೊಂಡ ಮುಂಭಾಗ ಕಸಿಗೆ ಒದಗದಿದ್ದರೂ ಹಿಂದಿನ ಪದರ ಇನ್ನೊಬ್ಬರಿಗೆ ಒದಗುತ್ತದೆ. ಪೊರೆಯ ಆಪರೇಷನ್ ಆದವರು, ಕನ್ನಡಕ ಹಾಕುವವರು, ಸಕ್ಕರೆ ಕಾಯಿಲೆ ಇರುವವರು ಕೂಡ ದಾನಿಗಳಾಗಬಹುದು. ಬರೆದಿಟ್ಟ ಒಪ್ಪಿಗೆ ಪತ್ರವೊಂದೇ ಇದಕ್ಕೆ ಸಾಲದು. ಸಾವಿನ ಮನೆಯಲ್ಲಿ ಯಾರಾದರೊಬ್ಬರು ನೆನಪಿಟ್ಟು ನೇತ್ರ ಬ್ಯಾಂಕಿಗೆ ಫೋನ್ ಮಾಡಬೇಕು, ಬರುವವರೆಗೆ ರೆಪ್ಪೆ ಮುಚ್ಚಿ ಮೇಲೆ ಒದ್ದೆ ಹತ್ತಿ ಇಡಬೇಕು, ಆರು ಗಂಟೆಯೊಳಗೆ ಕೆಲಸ ಆಗಬೇಕು. ಅದಕ್ಕೆ ಮನೆಯವರೆಲ್ಲರಿಗೂ ವಿಷಯ ಮೊದಲೇ ಗೊತ್ತಿರಬೇಕು. ಲೇಸರ್ ಮಾಡಿಸಿಕೊಂಡು ಡ್ರಾಪ್ಸ್ ಹಾಕಿಸಿಕೊಳ್ಳುತ್ತ ಮನೆಯಲ್ಲಿ ಕೂತ ದಿನಗಳಲ್ಲಿ ಆ ಮಾತನ್ನು ಆಡಲು ಬಿಡುವೂ ಇರುತ್ತದೆ, ಕೇಳಲು ಪಕ್ಕದಲ್ಲಿ ಜನವೂ ಇರುತ್ತಾರೆ.